ಬಾಟ್ಲಿ ಲೆಕ್ಕದ ದೊಡ್ಡ ಮಲ್ಯ

ಬೆಂಗಳೂರಿನಿಂದ ಬರುವಾಗ ನೆಲಮಂಗಲದ ಹತ್ತಿರ ರಸ್ತೆ ಎರಡಾಗುತ್ತೆ. ಎಡಕ್ಕೆ ತಿರುಗಿದರೆ ಕುಣಿಗಲ್, ನೇರ ಹೋದರೆ ತುಮಕೂರು. ದಿನಾ ಓಡಾಡುವ ನಮ್ಮ ಬಸ್ ಪ್ರಯಾಣಿಕರಿಗೆ ಇದನ್ನು ಹೇಳಬೇಕಾಗಿಲ್ಲ. ಅದೇ ನೆಲಮಂಗಲ ಸೀಮೆಯಲ್ಲಿ ಯುನೈಟೆಡ್ ಬ್ರೂವರೀಸ್ ಕಂಪನಿಯ ಬಿಯರ್ ಕಾರ್ಖಾನೆ ಇದೆ. ನಮ್ಮ ಜಿಲ್ಲೆಯ ಬಾರುಗಳಿಗೂ ಆ ಕಂಪನಿಯ ಕೇಸುಗಳು ಇಳಿಯುತ್ತವೆ. ಈ ಕಂಪನಿ ಯಾರದು ಅಂದರೆ ಮಲ್ಯನದು ಅಂತ ಜನ ಈಗಲೂ ಹೇಳ್ತಾರೆ. ಯಾವ ಮಲ್ಯ ಅಂದರೆ, ಬ್ಯಾಂಕಿನ ಸಾಲ ಉಳಿಸಿಕೊಂಡು ಲಂಡನ್ನಿನಲ್ಲಿ ಕೂತ ಮಗ ಮಲ್ಯ. ಆದರೆ ಕಂಪನಿ ಕಟ್ಟಿದ್ದು ಮಗ ಅಲ್ಲ, ಅಪ್ಪ. ಹೆಸರು ವಿಠಲ ಮಲ್ಯ. ಸತ್ತು ನಲವತ್ತು ವರ್ಷದ ಮೇಲಾಯಿತು. ಬೆಂಗಳೂರಿನಲ್ಲಿ ಅವರ ಹೆಸರಿನ ರಸ್ತೆಯೇ ಇದ್ದರೂ ಆ ರಸ್ತೆಯಲ್ಲಿ ನಡೆಯುವ ನೂರು ಜನರಲ್ಲಿ ಹತ್ತು ಜನಕ್ಕೆ ಆಸಾಮಿ ಯಾರು ಅಂತ ಗೊತ್ತಿರಲಿಕ್ಕಿಲ್ಲ.

ಅಂಗಡಿ ಇಟ್ಟುಕೊಂಡ ನಮ್ಮ ಓದುಗರು ಈ ಮನುಷ್ಯನ ಕತೆ ಕೇಳಬೇಕು. ಕುಡಿತದ ಕತೆ ಅಂತ ಮುಖ ತಿರುಗಿಸಬೇಡಿ. ಇದು ಹೆಚ್ಚಾಗಿ ಲೆಕ್ಕದ ಕತೆ.

ವಿಠಲ ಮಲ್ಯರ ಮನೆತನ ದಕ್ಷಿಣ ಕನ್ನಡದ ಬಂಟ್ವಾಳದ್ದು. ಮನೆಮಾತು ಕೊಂಕಣಿ. ತಂದೆ ಬಂಟ್ವಾಳ ಗಣಪತಿ ಮಲ್ಯ ಬ್ರಿಟಿಷರ ಸೈನ್ಯದಲ್ಲಿ ಡಾಕ್ಟರಾಗಿದ್ದವರು, ಲೆಫ್ಟಿನೆಂಟ್ ಕರ್ನಲ್ ದರ್ಜೆಯವರು. ಹಾಗಾಗಿ ಮಗ ಹುಟ್ಟಿದ್ದು ಬಂಟ್ವಾಳದಲ್ಲಲ್ಲ, ಈಗ ಬಾಂಗ್ಲಾದೇಶಕ್ಕೆ ಸೇರಿರುವ ಢಾಕಾದಲ್ಲಿ, 1924ರ ಫೆಬ್ರವರಿಯಲ್ಲಿ. ಓದಿದ್ದು ಡೆಹ್ರಾಡೂನಿನ ಡೂನ್ ಸ್ಕೂಲು, ಆಮೇಲೆ ಕಲ್ಕತ್ತೆಯ ಪ್ರೆಸಿಡೆನ್ಸಿ ಕಾಲೇಜು. ಡಾಕ್ಟರ ಮಗ ಡಾಕ್ಟರಾಗಲಿಲ್ಲ. ಕಲ್ಕತ್ತೆ ಆಗ ದೇಶದ ವ್ಯಾಪಾರದ ಊರು. ಇಂಗ್ಲಿಷರ ದೊಡ್ಡ ದೊಡ್ಡ ಕಂಪನಿಗಳ ಷೇರುಗಳು ಕೈ ಬದಲಾಗುತ್ತಿದ್ದ ಪೇಟೆ. ಹುಡುಗನಿಗೆ ಅದರ ರುಚಿ ಹತ್ತಿತು. ಕಂಪನಿಗಳ ವರ್ಷದ ಲೆಕ್ಕಪತ್ರ, ಅದೇ ಬ್ಯಾಲೆನ್ಸ್ ಶೀಟು ಅಂತೀವಲ್ಲ, ಅದನ್ನು ಓದುವುದೇ ಈ ಮನುಷ್ಯನ ಹವ್ಯಾಸ ಆಗಿಹೋಯಿತು. ಬೇರೆಯವರು ಕಾದಂಬರಿ ಓದಿದ ಹಾಗೆ.

ಈಗ ಬಿಯರ್ ಕಂಪನಿ ಕಡೆ ಬರೋಣ.

ಯುನೈಟೆಡ್ ಬ್ರೂವರೀಸ್ ಶುರುವಾಗಿದ್ದು 1915ರಲ್ಲಿ. ಶುರು ಮಾಡಿದವನು ಥಾಮಸ್ ಲೀಷ್‌ಮನ್ ಅನ್ನುವ ಸ್ಕಾಟ್ಲೆಂಡಿನವನು. ಆತ ಹೊಸ ಕಾರ್ಖಾನೆ ಕಟ್ಟಲಿಲ್ಲ. ದಕ್ಷಿಣದಲ್ಲಿ, ಬೆಂಗಳೂರು, ನೀಲಗಿರಿ ಅಂತ ಅಲ್ಲಲ್ಲಿ ಇದ್ದ ಐದು ಸಣ್ಣ ಬಿಯರ್ ಭಟ್ಟಿಗಳನ್ನು ಒಟ್ಟುಗೂಡಿಸಿದ. ಯುನೈಟೆಡ್ ಅನ್ನುವ ಹೆಸರು ಬಂದಿದ್ದೇ ಹಾಗೆ. ಅದಕ್ಕೆ ಕಾರಣವೂ ಸರಳ. ಒಂದೊಂದೂ ಬೇರೆ ಬೇರೆ ಬಾರ್ಲಿ ತರಿಸಿ, ಬೇರೆ ಬೇರೆ ಮ್ಯಾನೇಜರ್ ಇಟ್ಟು, ಒಬ್ಬನೇ ಗಿರಾಕಿಗೆ ಒಬ್ಬರ ಮೇಲೊಬ್ಬರು ಬೆಲೆ ಇಳಿಸಿ ಮಾರುವುದಕ್ಕಿಂತ ಸೇರಿಕೊಂಡರೆ ಲಾಭ. ಆ ಗಿರಾಕಿ ಯಾರು? ಬ್ರಿಟಿಷ್ ಸೋಲ್ಜರ್. ದೊಡ್ಡ ಮರದ ಪೀಪಾಯಿಗಳಲ್ಲಿ ಬಿಯರ್ ತುಂಬಿ ಎತ್ತಿನ ಗಾಡಿ ಮೇಲೆ ದಂಡಿನ ಪಾಳ್ಯಗಳಿಗೆ ಕಳಿಸುತ್ತಿದ್ದರು. ನಮ್ಮ ಜನ ಆಗ ಬಿಯರ್ ಕುಡಿಯುತ್ತಿರಲಿಲ್ಲ. ನಮ್ಮವರಿಗೆ ಸೇಂದಿ, ಸಾರಾಯಿ ಇತ್ತು.

ಹೀಗೆ ಒಬ್ಬನೇ ಗಿರಾಕಿಯನ್ನು ನೆಚ್ಚಿಕೊಂಡ ಅಂಗಡಿಯ ಗತಿ ಏನು ಅಂತ ವ್ಯಾಪಾರಸ್ಥರಿಗೆ ಬಿಡಿಸಿ ಹೇಳಬೇಕೆ? ಎರಡನೇ ಮಹಾಯುದ್ಧ ಮುಗಿಯಿತು. ಬ್ರಿಟಿಷರು ಗಂಟುಮೂಟೆ ಕಟ್ಟತೊಡಗಿದರು. ಸೋಲ್ಜರ್ ಹೊರಟ. ಬರುವವರು ಯಾರು? ಖಾದಿ ತೊಟ್ಟ ಕಾಂಗ್ರೆಸ್ಸಿನವರು. ಪಾನನಿರೋಧ ಅವರ ಹಳೇ ಪ್ರತಿಜ್ಞೆ. ಸಂವಿಧಾನ ಬರೆದಾಗ 47ನೇ ವಿಧಿಯಲ್ಲಿ ಅದನ್ನು ಸೇರಿಸಿಯೂ ಬಿಟ್ಟರು. ಇಂಥ ಹೊತ್ತಿನಲ್ಲಿ ಬಿಯರ್ ಕಂಪನಿಯ ಷೇರು ಯಾರು ಕೊಳ್ತಾರೆ? ತಲೆ ಸರಿ ಇದ್ದವರು ಮಾರ್ತಾರೆ.

ವಿಠಲ ಮಲ್ಯ ಕೊಂಡರು. ಸದ್ದಿಲ್ಲದೆ ಕೊಂಡರು. 1947ರಲ್ಲಿ ಆ ಕಂಪನಿಯ ಮೊದಲ ಭಾರತೀಯ ಡೈರೆಕ್ಟರ್ ಆದರು. ಮರುವರ್ಷ 1948ರಲ್ಲಿ ಛೇರ್ಮನ್. ವಯಸ್ಸು ಬರೀ 24. ನಮ್ಮ ಕಡೆ ಆ ವಯಸ್ಸಿನ ಹುಡುಗನಿಗೆ ಅಪ್ಪ ಗಲ್ಲಾಪೆಟ್ಟಿಗೆ ಬೀಗದ ಕೈ ಕೊಡೋದಕ್ಕೂ ಯೋಚನೆ ಮಾಡ್ತಾನೆ.

ಅವರ ಲೆಕ್ಕ ಏನಿದ್ದಿರಬಹುದು? ಆಮೇಲೆ ಮಾಡಿದ ಕೆಲಸಗಳನ್ನು ನೋಡಿದರೆ ಗೊತ್ತಾಗುತ್ತೆ. ಸರ್ಕಾರಗಳು ಪಾನನಿರೋಧದ ಭಾಷಣ ಮಾಡುತ್ತವೆ, ಆದರೆ ಅಬಕಾರಿ ದುಡ್ಡು ಇಲ್ಲದೆ ಬಹಳ ದಿನ ಬದುಕುವುದಿಲ್ಲ. ಈ ಒಂದು ಮಾತಿನ ಮೇಲೆ ಇಡೀ ಬಾಳನ್ನೇ ಪಣ ಇಟ್ಟ ಹಾಗಿದೆ. ಮದ್ರಾಸು, ಬೊಂಬಾಯಿ ಪ್ರಾಂತ್ಯಗಳಲ್ಲಿ ಪಾನನಿರೋಧ ಬಂತು. ನಮ್ಮ ಹಳೇ ಮೈಸೂರಿನ ಕೆಲವು ಜಿಲ್ಲೆಗಳಲ್ಲೂ 1948ರಿಂದ ಬಂತು. ಆದರೆ 1967ರಲ್ಲಿ ನಿಜಲಿಂಗಪ್ಪನವರ ಸರ್ಕಾರವೇ ಅದನ್ನು ಕೈಬಿಟ್ಟಿತು. 1971ರಲ್ಲಿ ತಮಿಳುನಾಡು ತೆಗೆಯಿತು, 1974ರಲ್ಲಿ ಮತ್ತೆ ಹಾಕಿತು. 1977ರಲ್ಲಿ ಮೊರಾರ್ಜಿ ದೇಸಾಯಿ ಪ್ರಧಾನಿಯಾದಾಗ ನಾಲ್ಕು ವರ್ಷದಲ್ಲಿ ಇಡೀ ದೇಶಕ್ಕೇ ಪಾನನಿರೋಧ ಅಂತ ಹೊರಟರು. ನಾಲ್ಕು ವರ್ಷ ಅವರೇ ಇರಲಿಲ್ಲ. ಮಲ್ಯರ ಕಾರ್ಖಾನೆ ಇತ್ತು.

ಹಾಗಂತ ಕಣ್ಣು ಮುಚ್ಚಿಕೊಂಡು ಬಾವಿಗೆ ಹಾರಿದವರಲ್ಲ. 1950ರಲ್ಲಿ ಕಿಸಾನ್ ಕಂಪನಿ ಕೊಂಡರು. ಜಾಮು, ಸ್ಕ್ವಾಷು ಮಾಡುವ ಅದೇ ಕಿಸಾನ್. ಗುಬ್ಬಿ, ಕುಣಿಗಲ್ಲಿನ ಸಣ್ಣ ಕಿರಾಣಿ ಅಂಗಡಿಯಲ್ಲೂ ಇವತ್ತು ಆ ಜಾಮಿನ ಬಾಟ್ಲಿ ಇರುತ್ತೆ. ಒಂದು ಕಾಲಕ್ಕೆ ಅದು ಬಿಯರ್ ಕಂಪನಿಯ ತಮ್ಮ ಅಂತ ಎಷ್ಟು ಜನಕ್ಕೆ ಗೊತ್ತು? ಹಣ್ಣು, ಸಕ್ಕರೆ, ಬಾಟ್ಲಿ, ಲಾರಿ, ಅಂಗಡಿ. ವ್ಯಾಪಾರದ ರೀತಿ ಎರಡೂ ಒಂದೇ. ಬಿಯರಿಗೆ ಬೀಗ ಬಿದ್ದರೆ ಜಾಮಾದರೂ ಮಾರಬಹುದು.

1951ರಲ್ಲಿ ಮ್ಯಾಕ್‌ಡೊವೆಲ್ ಕೊಂಡರು. ಅದು ಮದ್ರಾಸಿನ ಹಳೇ ಇಂಗ್ಲಿಷ್ ಅಂಗಡಿ, 1826ರಲ್ಲಿ ಶುರುವಾಗಿದ್ದು. ಸೀಮೆಯ ಬ್ರಾಂದಿ, ವಿಸ್ಕಿ, ಚುಟ್ಟಾ ತರಿಸಿ ಸಾಹೇಬರಿಗೆ ಮಾರುವುದು ಅದರ ಕಸುಬು. ಸ್ವಾತಂತ್ರ್ಯದ ಮೇಲೆ ವಿದೇಶಿ ಸಾಮಾನು ತರಿಸುವುದಕ್ಕೆ ಸರ್ಕಾರ ಕಟ್ಟುನಿಟ್ಟು ಮಾಡಿತು. ತರಿಸಿ ಮಾರುವವರು ಕೈ ಹೊಸೆದುಕೊಂಡು ಕೂತರು. ಮಲ್ಯ, ತರಿಸೋದು ಬೇಡ, ಇಲ್ಲೇ ಮಾಡೋಣ ಅಂತ ತೀರ್ಮಾನಿಸಿ 1959ರಲ್ಲಿ ಕೇರಳದ ಚೇರ್ತಲದಲ್ಲಿ ಡಿಸ್ಟಿಲರಿ ಶುರು ಮಾಡಿಸಿದರು. ಬಾರಿನಲ್ಲಿ ಐಎಂಎಫ್‌ಎಲ್ ಅಂತ ಬೋರ್ಡಿರುತ್ತಲ್ಲ, ಇಂಡಿಯಾದಲ್ಲೇ ಮಾಡಿದ ವಿದೇಶಿ ಮದ್ಯ ಅಂತ ಅದರ ಅರ್ಥ. ಸೊಗಸಾದ ಹೆಸರು. ಇಂಡಿಯಾದಲ್ಲೇ ಮಾಡಿದ ಮೇಲೆ ಅದು ವಿದೇಶಿ ಹೇಗೆ ಅಂತ ಕೇಳಬೇಡಿ, ಅಬಕಾರಿಯವರಿಗೂ ಗೊತ್ತಿಲ್ಲ.

ಇನ್ನು ಅವರ ಬುದ್ಧಿಯ ತಿರುಳು ಇರುವ ಜಾಗಕ್ಕೆ ಬರೋಣ. ಬಿಯರ್ ಅನ್ನುವ ಸಾಮಾನು ಎಂಥದ್ದು ಅಂತ ಮೊದಲು ನೋಡಿ.

ಬಾರ್ಲಿಯನ್ನು ನೆನೆಹಾಕಿ ಮೊಳಕೆ ಬರಿಸಿ ಒಣಗಿಸಿದರೆ ಮಾಲ್ಟ್. ನಮ್ಮ ಮನೆಗಳಲ್ಲಿ ಮಗುವಿಗೆ ರಾಗಿ ಮೊಳಕೆ ಕಟ್ಟಿ, ಒಣಗಿಸಿ, ಹಿಟ್ಟು ಮಾಡ್ತಾರಲ್ಲ, ಅದೇ ಕೆಲಸ. ಈ ಮಾಲ್ಟನ್ನು ಒಡೆದು ಬಿಸಿನೀರಿನಲ್ಲಿ ಕಲಸಿದರೆ ಸಿಹಿ ನೀರು ಬಿಡುತ್ತೆ. ಅದನ್ನು ಸೋಸಿ, ಹಾಪ್ಸ್ ಅನ್ನುವ ಕಹಿ ಹೂವು ಹಾಕಿ ಕುದಿಸಿ, ಆರಿಸಿ, ಯೀಸ್ಟ್ ಬಿಡಬೇಕು. ಯೀಸ್ಟು ಸಿಹಿ ತಿಂದು ಮದ್ಯ ಬಿಡುತ್ತೆ. ಆಮೇಲೆ ತಣ್ಣಗೆ ವಾರಗಟ್ಟಲೆ ಇಡಬೇಕು. ಅಷ್ಟೂ ದಿನ ದುಡ್ಡು ಟ್ಯಾಂಕಿನಲ್ಲಿ ನಿದ್ದೆ ಮಾಡುತ್ತಿರುತ್ತೆ, ಕರೆಂಟು ಬಿಲ್ಲು ಮಾತ್ರ ಓಡುತ್ತಿರುತ್ತೆ. ಕೊನೆಗೆ ಕೈಗೆ ಬರೋದರಲ್ಲಿ ನೂರಕ್ಕೆ ತೊಂಬತ್ತರ ಮೇಲೆ ನೀರು. ಸೋಸಿ ಉಳಿದ ಬಾರ್ಲಿ ಹೊಟ್ಟು ಹಸುಗಳಿಗೆ ಹೋಗುತ್ತೆ, ಹಾಲು ಕರೆಯುವವರು ಬಂದು ಕೊಂಡುಹೋಗ್ತಾರೆ.

ಈ ನೀರನ್ನು ಗಾಜಿನ ಬಾಟ್ಲಿಗೆ ತುಂಬಬೇಕು. ಒಂದು ಬಾಟ್ಲಿಗೆ 650 ಮಿಲಿ. ಕೇಸಿಗೆ 12. ಅಂದರೆ ಕೇಸಿಗೆ 7.8 ಲೀಟರ್ ಬಿಯರು. ಖಾಲಿ ಬಾಟ್ಲಿಯೇ ಹತ್ತಿರ ಹತ್ತಿರ ಅರ್ಧ ಕೆಜಿ ತೂಗುತ್ತೆ. ಅಂದರೆ ಲಾರಿ ಬಾಡಿಗೆಯಲ್ಲಿ ದೊಡ್ಡ ಪಾಲು ನೀರಿಗೂ ಗಾಜಿಗೂ ಕೊಟ್ಟ ಹಾಗೆ. ವಿಸ್ಕಿಯ ಒಂದು ಪೆಟ್ಟಿಗೆಯನ್ನು ದೂರ ಕಳಿಸಿದರೂ ಬಾಡಿಗೆ ಗಿಟ್ಟುತ್ತೆ, ಬಿಯರಿಗೆ ಗಿಟ್ಟುವುದಿಲ್ಲ. ಅದೂ ಅಲ್ಲದೆ ಒಂದು ರಾಜ್ಯದಿಂದ ಇನ್ನೊಂದಕ್ಕೆ ದಾಟಿಸಿದರೆ ಹೊರಗೆ ಹೋಗುವಾಗ ಒಂದು ಸುಂಕ, ಒಳಗೆ ಬರುವಾಗ ಒಂದು ಸುಂಕ. ಯಾಕೆಂದರೆ ಅಬಕಾರಿ ಆಯಾ ರಾಜ್ಯದ ಸ್ವತ್ತು. ಬಿಯರ್ ಮಟ್ಟಿಗೆ ಇಂಡಿಯಾ ಒಂದೇ ದೇಶ ಅಲ್ಲ, ಇಪ್ಪತ್ತು ಮೂವತ್ತು ಬೇರೆ ಬೇರೆ ದೇಶ.

ಹಾಗಾದರೆ ದೊಡ್ಡದಾಗಿ ಬೆಳೆಯುವುದು ಹೇಗೆ? ಬೆಂಗಳೂರಿನಲ್ಲಿ ಒಂದು ಭಾರಿ ಕಾರ್ಖಾನೆ ಕಟ್ಟಿ ದೇಶಕ್ಕೆಲ್ಲ ಕಳಿಸುತ್ತೇನೆ ಅಂದರೆ ಮುಳುಗಿದ ಹಾಗೆಯೇ. ಒಂದೊಂದು ರಾಜ್ಯದಲ್ಲಿ ಒಂದೊಂದು ಬೇಕು. ಹೊಸದಾಗಿ ಕಟ್ಟೋಣ ಅಂದರೆ ಲೈಸೆನ್ಸ್. 1970ರ ದಶಕದ ಮಧ್ಯದಿಂದ ಹೊಸ ಲೈಸೆನ್ಸನ್ನು ಕೇಂದ್ರ ಸರ್ಕಾರ ಇನ್ನೂ ಬಿಗಿ ಮಾಡಿತು. ಅಲ್ಲಿಗೆ ಉಳಿದ ದಾರಿ ಒಂದೇ, ಇದ್ದವರದನ್ನು ಕೊಳ್ಳುವುದು. ಹೊಸ ಲೈಸೆನ್ಸ್ ಇಲ್ಲ ಅಂದಮೇಲೆ ಹಳೇ ಲೈಸೆನ್ಸಿಗೆ ಬಂಗಾರದ ಬೆಲೆ ತಾನೆ. ತುಮಕೂರಿನ ಬಾರ್ ಮಾಲೀಕರಿಗೆ ಈ ಗುಟ್ಟು ಚೆನ್ನಾಗಿ ಗೊತ್ತು. ಇಲ್ಲಿ ಸಿಎಲ್-2, ಸಿಎಲ್-9 ಲೈಸೆನ್ಸುಗಳು ಕೈ ಬದಲಾಗುವಾಗ ನಡೆಯುವ ಬೆಲೆ ಗೋಡೆ, ಛಾವಣಿಗೆ ಕೊಡುವ ಬೆಲೆ ಅಲ್ಲ. ಮಲ್ಯ ಅದನ್ನೇ ದೇಶದ ಮಟ್ಟದಲ್ಲಿ ಮಾಡಿದರು. ಕೇರಳ, ಬಂಗಾಳ, ಗೋವಾ ಅಂತ ಒಂದಾದ ಮೇಲೊಂದು ಗುಂಪಿನ ಕೈಗೆ ಬಂತು. ಹರ್ಬರ್ಟ್‌ಸನ್ಸ್, ಕೆರ್ಯೂ, ಫಿಪ್ಸನ್ ಅಂತ ಹಳೇ ಇಂಗ್ಲಿಷ್ ಹೆಸರಿನ ಮದ್ಯದ ಕಂಪನಿಗಳೂ ಬಂದವು. ಒಂದು ಕಂಪನಿಯ ದುಡ್ಡಿನಲ್ಲಿ ಇನ್ನೊಂದರ ಷೇರು, ಅದರ ದುಡ್ಡಿನಲ್ಲಿ ಮತ್ತೊಂದರ ಷೇರು. ಬಳ್ಳಿ ಮರದಿಂದ ಮರಕ್ಕೆ ಹಬ್ಬಿದ ಹಾಗೆ.

1973ರಲ್ಲಿ ಫೆರಾ ಕಾಯಿದೆ ಬಂದಾಗ ವಿದೇಶಿ ಕಂಪನಿಗಳು ತಮ್ಮ ಪಾಲನ್ನು ನೂರಕ್ಕೆ ನಲವತ್ತಕ್ಕೆ ಇಳಿಸಬೇಕಾಯಿತು. ಮತ್ತೆ ಮಾರುವವರ ಸಾಲು, ಮತ್ತೆ ಮಲ್ಯ ಹಾಜರು. ಕಲ್ಕತ್ತೆಯ ಬ್ರಿಟಿಷ್ ಪೇಂಟ್ಸ್ ಕಂಪನಿಯ ಷೇರು 1976ರಲ್ಲಿ ಅವರ ಗುಂಪಿಗೆ ಬಂತು. ಅದೇ ಇವತ್ತಿನ ಬರ್ಜರ್ ಪೇಂಟ್ಸ್. ಔಷಧದ ಹೆಕ್ಸ್ಟ್ ಕಂಪನಿಯಲ್ಲೂ ಪಾಲು. ಯಾರೋ ಹೆದರಿ ಅಥವಾ ಕಾನೂನಿಗೆ ಕಟ್ಟುಬಿದ್ದು ಮಾರುವ ಹೊತ್ತಿಗೆ ಕೈಯಲ್ಲಿ ದುಡ್ಡಿಟ್ಟುಕೊಂಡು ನಿಂತಿರುವುದು, ಇದಿಷ್ಟೇ ಅವರ ಜೀವನದ ವಿದ್ಯೆ. 1947ರಲ್ಲೂ ಅದೇ, 1976ರಲ್ಲೂ ಅದೇ.

ಇಷ್ಟೆಲ್ಲ ಮಾಡಿದ ಮನುಷ್ಯ ಜನರ ಕಣ್ಣಿಗೆ ಬೀಳುತ್ತಿರಲಿಲ್ಲ ಅನ್ನುವುದೇ ಸೋಜಿಗ. ಪತ್ರಿಕೆಯವರನ್ನು ಕಂಡರೆ ದೂರ. ಭಾಷಣ ಇಲ್ಲ, ಸನ್ಮಾನ ಇಲ್ಲ. ಗುಬ್ಬಿಯವರಿಗೆ ಕಂಪನಿ ಅಂದರೆ ವೀರಣ್ಣನವರ ನಾಟಕ ಕಂಪನಿ. 1972ರಲ್ಲಿ ತೀರಿಕೊಂಡ ವೀರಣ್ಣನವರೂ ಕಂಪನಿ ಬೆಳೆಸಿದವರೇ, ಆದರೆ ಅವರದು ಪರದೆ ಮುಂದಿನ ಬಾಳು. ರಂಗದ ಮೇಲೆ ಆನೆ, ಕುದುರೆ ತಂದು ನಿಲ್ಲಿಸಿ ಜನರನ್ನು ಬಾಯಿ ಬಿಡಿಸಿದವರು. ವಿಠಲ ಮಲ್ಯರದು ಪೂರ್ತಿ ಪರದೆ ಹಿಂದಿನ ಬಾಳು. ಖರ್ಚಿನ ವಿಷಯದಲ್ಲಿ ಕೈ ಬಿಗಿ ಅಂತ ಹೆಸರಾಗಿದ್ದರು.

ಬಾಟ್ಲಿ ಲೆಕ್ಕ ಅಂತ ತಲೆಬರಹ ಕೊಟ್ಟಿದ್ದು ಸುಮ್ಮನೆ ಅಲ್ಲ. ಬಿಯರ್ ವ್ಯಾಪಾರದಲ್ಲಿ ಗೆಲ್ಲೋದು ಸೋಲೋದು ಖಾಲಿ ಬಾಟ್ಲಿಯ ಮೇಲೆ. ಹೊಸ ಬಾಟ್ಲಿ ಹಾಕಿ ಮಾರಿದರೆ ಲಾಭವನ್ನೆಲ್ಲ ಗಾಜೇ ತಿನ್ನುತ್ತೆ. ಬಾರಿನಿಂದ ಗುಜರಿಗೆ, ಗುಜರಿಯಿಂದ ಸಾಹುಕಾರನಿಗೆ, ಅಲ್ಲಿಂದ ಕಾರ್ಖಾನೆಗೆ ಬಾಟ್ಲಿ ವಾಪಸ್ ಬರಬೇಕು. ತೊಳೆದು ಮತ್ತೆ ತುಂಬಬೇಕು. ಒಂದೇ ಬಾಟ್ಲಿ ಎಷ್ಟು ಸಾರಿ ತಿರುಗುತ್ತೋ ಅಷ್ಟು ಲಾಭ. ನಮ್ಮ ಊರಿನಲ್ಲಿ ತಳ್ಳುಗಾಡಿ ಮೇಲೆ ಖಾಲಿ ಬಾಟ್ಲಿ ಕೊಳ್ಳುವವನು ಇದ್ದಾನಲ್ಲ, ಅವನೂ ಆ ದೊಡ್ಡ ಕಂಪನಿಯ ಬ್ಯಾಲೆನ್ಸ್ ಶೀಟಿನ ಒಂದು ಸಾಲು. ಅವನಿಗೆ ಅದು ಗೊತ್ತಿಲ್ಲ, ಕಂಪನಿಗೆ ಗೊತ್ತು.

ಆದರೆ ಎಲ್ಲಾ ಲೆಕ್ಕವೂ ಆ ಶೀಟಿನಲ್ಲಿ ಬರೋದಿಲ್ಲ. ಕುಡಿದು ಹಾಳಾದ ಮನೆ, ಅಡವಿಟ್ಟ ತಾಳಿ, ಶಾಲೆ ಬಿಟ್ಟ ಮಕ್ಕಳು, ಇವೆಲ್ಲ ಯಾವ ಕಾಲಮ್ಮಿನಲ್ಲಿ ಬರೆಯಬೇಕು? ಬಿಯರ್ ಹಗುರ, ಸಾರಾಯಿಯಷ್ಟು ಕೆಡುಕಲ್ಲ ಅಂತ ವಾದ ಮಾಡುವವರು ಇದ್ದಾರೆ. ಮಾಮೂಲಿ ಬಿಯರ್ ನೂರಕ್ಕೆ ಐದರಷ್ಟು ಮದ್ಯದ್ದು ನಿಜ. ಆದರೆ ನಮ್ಮ ದೇಶದಲ್ಲಿ ಬಹುಪಾಲು ಖರ್ಚಾಗುವುದು ಸ್ಟ್ರಾಂಗ್, ಎಂಟರವರೆಗೆ ಏರುವಂಥದ್ದು. ಕೊಟ್ಟ ದುಡ್ಡಿಗೆ ಏರಬೇಕು ಅನ್ನುವ ಗಿರಾಕಿಯ ಲೆಕ್ಕವೂ ಲೆಕ್ಕವೇ. 2007ರ ಜುಲೈ 1ರಿಂದ ಕರ್ನಾಟಕದಲ್ಲಿ ಸಾರಾಯಿ ನಿಷೇಧ ಆಯಿತು. ಹಳ್ಳಿಯ ಹೆಂಗಸರು ಆ ದಿನ ಸಂತೋಷಪಟ್ಟರು. ಸಾರಾಯಿ ಅಂಗಡಿ ಮುಚ್ಚಿತು, ಕುಡಿಯುವವನ ಬಾಯಿ ಮುಚ್ಚಲಿಲ್ಲ. ಆತ ಎದುರಿನ ವೈನ್ ಸ್ಟೋರಿಗೆ ನಡೆದ.

ಈ ವ್ಯಾಪಾರದಲ್ಲಿ ಅತಿ ದೊಡ್ಡ ಪಾಲುದಾರ ಮಲ್ಯ ಆಗಲೂ ಅಲ್ಲ, ಈಗಲೂ ಅಲ್ಲ. ಸರ್ಕಾರ. 2003ರಿಂದ ರಾಜ್ಯದಲ್ಲಿ ಕಂಪನಿಗಳು ನೇರ ಅಂಗಡಿಗೆ ಮಾರುವ ಹಾಗಿಲ್ಲ, ಸರ್ಕಾರದ ಪಾನೀಯ ನಿಗಮದ ಗೋಡೌನಿನ ಮೂಲಕವೇ ಬರಬೇಕು. 2023ರ ಬಜೆಟ್ಟಿನಲ್ಲಿ ಬಿಯರ್ ಮೇಲಿನ ಹೆಚ್ಚುವರಿ ಸುಂಕವನ್ನು ಶೇಕಡ 175ರಿಂದ 185ಕ್ಕೆ ಏರಿಸಿದರು. 2024-25ರ ಬಜೆಟ್ಟಿನಲ್ಲಿ ಅಬಕಾರಿಯಿಂದ ಇಟ್ಟ ಗುರಿ 38,525 ಕೋಟಿ ರೂಪಾಯಿ. 1948ರಲ್ಲಿ ಆ 24ರ ಹುಡುಗ ಹಾಕಿದ ಲೆಕ್ಕ ತಪ್ಪಿತ್ತು ಅಂತ ಯಾರು ಹೇಳ್ತಾರೆ?

ವಿಠಲ ಮಲ್ಯ 1983ರ ಅಕ್ಟೋಬರ್ 13ರಂದು ಬೊಂಬಾಯಿಯಲ್ಲಿ ಹೃದಯಾಘಾತದಿಂದ ತೀರಿಕೊಂಡರು. ಆಗ ವಯಸ್ಸು 59. ಮಗ ವಿಜಯ್‌ಗೆ ಇನ್ನೂ 28 ತುಂಬಿರಲಿಲ್ಲ. ಮಗ ಬುದ್ಧಿಯಿಲ್ಲದವನಲ್ಲ. ಹಳೇ ಕಿಂಗ್‌ಫಿಷರ್ ಹೆಸರನ್ನು 1978ರಲ್ಲಿ ಮತ್ತೆ ಪೇಟೆಗೆ ತಂದಾಗ ಅಪ್ಪ ಇನ್ನೂ ಇದ್ದರು. ಅಪ್ಪನಿಗೆ ಕಾರ್ಖಾನೆ ಮುಖ್ಯ, ಮಗನಿಗೆ ಹೆಸರು ಮುಖ್ಯ. ಹೆಸರಿನಿಂದ ಮಗ ಮಾರಾಟವನ್ನು ಬಹಳ ಮೇಲೆ ಒಯ್ದ. ಆದರೆ ಅಪ್ಪ ಕೂಡಿಟ್ಟ ಬೇರೆ ಬೇರೆ ಕಂಪನಿಗಳು ಒಂದೊಂದಾಗಿ ಹೋದವು. ಬರ್ಜರ್ 1991ರಲ್ಲಿ, ಕಿಸಾನ್ 1993ರಲ್ಲಿ.

ಕುಣಿಗಲ್ಲಿನವರಿಗೆ ಗೊತ್ತಿರುವ ಮಲ್ಯ ಈ ಮಗನೇ. ಟಿಪ್ಪು ಕಾಲದಿಂದ ಹೆಸರಾದ ನಮ್ಮ ಕುದುರೆ ಫಾರಂ ಅನ್ನು 1992ರಲ್ಲಿ ಅವರ ಕಂಪನಿ ಗುತ್ತಿಗೆಗೆ ಹಿಡಿಯಿತು. ಯುಬಿ ಕಂಪನಿಯ ಗುರುತೇ ರೆಕ್ಕೆ ಇರುವ ಕುದುರೆ. ಅಪ್ಪನ ಕಾಲದಲ್ಲಿ ಆ ಕುದುರೆ ಬಾಟ್ಲಿ ಚೀಟಿ ಮೇಲೆ ಇತ್ತು, ಮಗನ ಕಾಲದಲ್ಲಿ ಕುಣಿಗಲ್ ಹುಲ್ಲುಗಾವಲಿಗೆ ಇಳಿಯಿತು. ಆಮೇಲೆ 2005ರಲ್ಲಿ ನಿಜವಾಗಲೂ ರೆಕ್ಕೆ ಕಟ್ಟಿಕೊಂಡು ಆಕಾಶಕ್ಕೆ ಹಾರಿತು, ವಿಮಾನ ಕಂಪನಿ. 2012ರಲ್ಲಿ ನೆಲಕ್ಕೆ ಬಿತ್ತು. ಸಂಬಳ ಸಿಗದ ನೌಕರರು, ಸಾಲ ಕೊಟ್ಟ ಸರ್ಕಾರಿ ಬ್ಯಾಂಕುಗಳು, 2016ರ ಮಾರ್ಚಿನಲ್ಲಿ ದೇಶ ಬಿಟ್ಟ ಯಜಮಾನ. ಈ ಕತೆ ಎಲ್ಲರ ಬಾಯಲ್ಲೂ ಇದೆ.

ಮದ್ಯದ ಕಂಪನಿ ಡಿಯಾಜಿಯೊ ಅನ್ನುವ ಇಂಗ್ಲಿಷರ ಕೈಗೆ ಹೋಯಿತು. ಬಿಯರ್ ಕಂಪನಿ 2021ರಲ್ಲಿ ಹಾಲೆಂಡಿನ ಹೈನಕನ್‌ನವರ ಹಿಡಿತಕ್ಕೆ ಬಂತು. ಸ್ಕಾಟ್ಲೆಂಡಿನವನು ಕಟ್ಟಿದ್ದನ್ನು ಬಂಟ್ವಾಳದವರು ಕೊಂಡರು, ಹಾಲೆಂಡಿನವರು ವಾಪಸ್ ಕೊಂಡರು. ನಡುವೆ 70 ವರ್ಷದ ಮೇಲೆ.

ಬೆಂಗಳೂರಿನ ಹಳೇ ಬಿಯರ್ ಕಾರ್ಖಾನೆ ಇದ್ದ ಜಾಗದಲ್ಲಿ ಈಗ ಯುಬಿ ಸಿಟಿ ಅನ್ನುವ ಗಗನಚುಂಬಿ ಕಟ್ಟಡಗಳಿವೆ. ಅದೇ ಊರಿನಲ್ಲಿ ಸುಮಾರು 2010ರಿಂದೀಚೆಗೆ ಹೊಸ ತಳಿ ಹುಟ್ಟಿದೆ, ಮೈಕ್ರೋಬ್ರೂವರಿ. ಅಲ್ಲೇ ಕುದಿಸಿ, ಅಲ್ಲೇ ಹುಳಿಸಿ, ಅಲ್ಲೇ ನಲ್ಲಿ ತಿರುಗಿಸಿ ಗ್ಲಾಸಿಗೆ ಬಿಡುವುದು. ಬಾಟ್ಲಿ ಇಲ್ಲ, ಲಾರಿ ಇಲ್ಲ, ಗುಜರಿ ಇಲ್ಲ, ನಡುವಿನ ಕಮಿಷನ್ ಇಲ್ಲ. 1915ರಲ್ಲಿ ಐದು ಸಣ್ಣ ಭಟ್ಟಿಗಳು ಒಂದಾಗದೆ ವಿಧಿ ಇಲ್ಲ ಅಂತಾಗಿತ್ತು. ಈಗ ಅದೇ ಊರಿನಲ್ಲಿ ಸಣ್ಣವರು ಡಜನ್ನುಗಟ್ಟಲೆ. ಬಾಟ್ಲಿ ಖರ್ಚು ಉಳಿಯಿತು ನಿಜ, ಆದರೆ ಉಳಿದಿದ್ದನ್ನು ಇಂದಿರಾನಗರ, ಕೋರಮಂಗಲದ ಬಾಡಿಗೆ ನುಂಗುತ್ತೆ. ಹಾಪ್ಸು ಹೆಚ್ಚಾಗಿ ಹೊರದೇಶದಿಂದ ಬರಬೇಕು. ಈ ಬಿಯರ್ ಬಹಳ ದಿನ ಇಟ್ಟರೆ ಕೆಡುತ್ತೆ, ಕಾಯಿಪಲ್ಲೆ ಅಂಗಡಿಯ ಹಾಗೆ ಬೇಗ ಬೇಗ ಖರ್ಚಾಗಬೇಕು. ವಾರದ ಕೊನೆಯ ಮೂರು ದಿನ ಜನ ತುಂಬಿದರೆ ಉಂಟು, ಮಳೆ ಬಂದರೆ ಇಲ್ಲ. ಅಪ್ಪ ಮಲ್ಯ ಇದ್ದಿದ್ದರೆ ಇವುಗಳಲ್ಲಿ ಒಂದನ್ನೂ ಶುರು ಮಾಡುತ್ತಿರಲಿಲ್ಲ ಅಂತ ಕಾಣುತ್ತೆ. ಯಾವುದು ಮುಳುಗುತ್ತೆ ಅಂತ ಕಾದಿದ್ದು ಕೊಳ್ಳುತ್ತಿದ್ದರು.

2016ರ ಏಪ್ರಿಲ್ಲಿನಲ್ಲಿ ಬ್ಯಾಂಕಿನವರು ಕಿಂಗ್‌ಫಿಷರ್ ವಿಮಾನ ಕಂಪನಿಯ ಹೆಸರು, ಗುರುತುಗಳನ್ನು 366 ಕೋಟಿ ಚಿಲ್ಲರೆ ಕನಿಷ್ಠ ಬೆಲೆಗೆ ಹರಾಜಿಗಿಟ್ಟರು. ಸಾಲ ಕೊಡುವಾಗ ಆ ಹೆಸರಿಗೆ ಸಾವಿರಾರು ಕೋಟಿ ಬೆಲೆ ಕಟ್ಟಿದ್ದರು. ಒಬ್ಬನೂ ಕೂಗಲು ಬರಲಿಲ್ಲ. ಅದೇ ಹೆಸರಿನ ಬಿಯರು ಮಾತ್ರ ಆ ದಿನ ಸಾಯಂಕಾಲವೂ ಎಂದಿನಂತೆ ಬಾರುಗಳಲ್ಲಿ ಖರ್ಚಾಯಿತು.